ಗೋಲು ಹೊಡೆಯದವಳ ಪಗಾರ

ಕೆಲವು ವರ್ಷಗಳ ಹಿಂದೆ ಚಂದಾಪುರದ ಒಂದು ವೇದಿಕೆಯ ಮೇಲೆ ನಿಂತು ಹದಿನೇಳು ವರ್ಷದ ಹುಡುಗಿಯೊಬ್ಬಳಿಗೆ ಶಾಲು ಹೊದಿಸಿ ನಾನೊಂದು ಭಾಷಣ ಮಾಡಿದ್ದೆ. ಪಿಯು ಕ್ರೀಡಾಕೂಟದಲ್ಲಿ ಆಡಿ, ವಿಭಾಗ ಮಟ್ಟದ ಫುಟ್‌ಬಾಲ್ ತಂಡಕ್ಕೆ ಆಯ್ಕೆಯಾಗಿ ಬಂದಿದ್ದಳು. ಪ್ರತಿಭೆಗೆ ಊರು ಯಾವುದಾದರೇನು, ಬಡತನ ಯಾವ ಲೆಕ್ಕ, ಮನಸ್ಸಿದ್ದರೆ ದಾರಿ ತಾನಾಗಿ ತೆರೆಯುತ್ತದೆ ಎಂದೆಲ್ಲ ಹೇಳಿದೆ. ಚಪ್ಪಾಳೆ ಚೆನ್ನಾಗಿಯೇ ಬಿದ್ದವು. ಈ ಲೇಖನ ಆ ಭಾಷಣದ ವಿರುದ್ಧ.

ಆಕೆ ಆಡುತ್ತಿದ್ದದ್ದು ಡಿಫೆನ್ಸಿನಲ್ಲಿ. ನಮ್ಮ ಕಡೆಯ ಹುಡುಗರು ‘ಬ್ಯಾಕ್’ ಎನ್ನುತ್ತಾರೆ. ಟೀಮು ಮಾಡುವಾಗ ಕೊನೆಗೆ ಉಳಿದವರನ್ನು ನಿಲ್ಲಿಸುವ ಜಾಗ ಅದು. ನಾನು ಕ್ರೀಡಾ ಅಧ್ಯಾಪಕನಲ್ಲ, ಸಾಹಿತ್ಯ ಪಾಠ ಮಾಡುವವನು. ಆದರೂ ಆಕೆಯ ಆಟದಲ್ಲಿ ಒಂದು ಸಂಗತಿ ನನ್ನ ಕಣ್ಣಿಗೂ ಬಿದ್ದಿತ್ತು. ಎದುರಿನವಳು ಚೆಂಡನ್ನು ಎತ್ತ ಒಯ್ಯಬೇಕೆಂದು ಯೋಚಿಸುವಷ್ಟರಲ್ಲಿ ಈಕೆ ಅಲ್ಲಿ ನಿಂತಿರುತ್ತಿದ್ದಳು. ಓಡಿದ್ದು ಕಾಣುತ್ತಿರಲಿಲ್ಲ, ಬಿದ್ದದ್ದು ಕಾಣುತ್ತಿರಲಿಲ್ಲ. ಅದಕ್ಕೇ ಪತ್ರಿಕೆಯ ಜಿಲ್ಲಾ ಪುಟದ ವರದಿಯಲ್ಲಿ ಗೋಲು ಹೊಡೆದ ಇಬ್ಬರ ಹೆಸರಿತ್ತು, ಆಕೆಯ ಹೆಸರಿರಲಿಲ್ಲ. ಗೋಲು ಆಗದಂತೆ ತಡೆದದ್ದು ಸುದ್ದಿಯಲ್ಲ.

ಇದು ಚಿಂಚೋಳಿ ತಾಲ್ಲೂಕಿನ ವರದಿಗಾರನೊಬ್ಬನ ದೋಷ ಅಂದುಕೊಂಡಿದ್ದೆ. 2023ರ ಆಗಸ್ಟ್ 20ರಂದು ಸಿಡ್ನಿಯಲ್ಲಿ ಸ್ಪೇನ್ ಮಹಿಳೆಯರು ಇಂಗ್ಲೆಂಡನ್ನು 1-0ರಿಂದ ಸೋಲಿಸಿ ವಿಶ್ವಕಪ್ ಗೆದ್ದಾಗ ಜಗತ್ತೇ ಹಾಗೆ ಎಂದು ತಿಳಿಯಿತು. 29ನೇ ನಿಮಿಷದಲ್ಲಿ ಗೋಲು ಹೊಡೆದ ಓಲ್ಗಾ ಕಾರ್ಮೊನಾ ಎಡಬದಿಯ ಡಿಫೆಂಡರ್. ಸೆಮಿಫೈನಲ್‌ನಲ್ಲಿ ಸ್ವೀಡನ್ ವಿರುದ್ಧ ಗೆಲುವಿನ ಗೋಲೂ ಆಕೆಯದೇ. ಫೈನಲ್ ಮುಗಿದ ಮೇಲೆ ಆಕೆಗೆ ತಂದೆ ತೀರಿಕೊಂಡ ಸುದ್ದಿ ತಿಳಿಸಿದರು. ನಮ್ಮ ಪತ್ರಿಕೆಗಳೂ ಆ ಕಣ್ಣೀರಿನ ಕಥೆಯನ್ನು ಬರೆದವು. ಆದರೆ ಆ ದಿನ ಇಂಗ್ಲೆಂಡ್ ಒಂದೂ ಗೋಲು ಹೊಡೆಯಲಿಲ್ಲವಲ್ಲ, ಅದು ಯಾರ ದುಡಿಮೆ? ಸೆಂಟರ್ ಬ್ಯಾಕ್ ಇರೆನೆ ಪರೇದೆಸ್ ಹೆಸರನ್ನು ಕನ್ನಡದಲ್ಲಿ ಎಷ್ಟು ಜನ ಬರೆದರು? ಡಿಫೆಂಡರಳು ಕಣ್ಣಿಗೆ ಬೀಳಬೇಕಾದರೆ ಒಂದೋ ಗೋಲು ಹೊಡೆಯಬೇಕು, ಇಲ್ಲವೇ ಮನೆಯಲ್ಲಿ ಸಾವಾಗಬೇಕು.

ನನ್ನ ತಕರಾರು ಬರೀ ಹೆಸರಿನದಲ್ಲ. ಹೆಸರಿನ ಹಿಂದೆ ಪಗಾರವಿದೆ.

ವಿಶ್ವಕಪ್ ಗೆದ್ದ ಮೇಲೆ ಸ್ಪೇನಿನ ಹೆಣ್ಣುಮಕ್ಕಳ ಬಗ್ಗೆ ಕನ್ನಡದಲ್ಲಿ ಬಂದ ಬರಹಗಳಲ್ಲಿ ‘ಕನಸು’, ‘ಛಲ’, ‘ಸ್ಫೂರ್ತಿ’ ಈ ಮೂರು ಮಾತು ಇಲ್ಲದ್ದು ನನಗೆ ಸಿಗಲಿಲ್ಲ. ‘ಮುಷ್ಕರ’ ಎಂಬ ಮಾತು ಇದ್ದದ್ದೂ ಸಿಗಲಿಲ್ಲ. ನಿಜ ಸಂಗತಿ ಏನೆಂದರೆ, 2019ರ ನವೆಂಬರಿನಲ್ಲಿ ಒಂದು ವಾರಾಂತ್ಯ ಸ್ಪೇನಿನ ಮೊದಲ ದರ್ಜೆಯ ಎಂಟೂ ಮಹಿಳಾ ಪಂದ್ಯಗಳು ನಡೆಯಲಿಲ್ಲ. ಆಟಗಾರ್ತಿಯರು ಮೈದಾನಕ್ಕೆ ಇಳಿಯಲಿಲ್ಲ. ಜಗಳ ಯಾವುದರದು? ಕನಿಷ್ಠ ಪಗಾರದ್ದು. ಪೂರ್ಣಾವಧಿಗೆ ವರ್ಷಕ್ಕೆ 16,000 ಯೂರೋ ಎಂದಾದರೆ, ಅರೆಕಾಲಿಕ ಎಂದು ಬರೆಸಿಕೊಂಡವಳಿಗೆ ಅದರ ಅರ್ಧ ಕೊಟ್ಟರೆ ಸಾಕೆಂದು ಕ್ಲಬ್ಬುಗಳು ಹೇಳಿದವು, ಮುಕ್ಕಾಲು ಭಾಗವಾದರೂ ಕೊಡಬೇಕೆಂದು ಆಟಗಾರ್ತಿಯರು ಪಟ್ಟು ಹಿಡಿದರು. ದಿನವಿಡೀ ಅಭ್ಯಾಸ ಮಾಡುವವಳನ್ನು ಕಾಗದದ ಮೇಲೆ ಅರೆಕಾಲಿಕ ಮಾಡಿದರೆ ಅರ್ಧ ಪಗಾರ ಉಳಿಯುತ್ತದೆ. ಈ ಲೆಕ್ಕ ನಮ್ಮ ಕಡೆಯ ಅತಿಥಿ ಉಪನ್ಯಾಸಕರಿಗೆ ಯಾರೂ ವಿವರಿಸಿ ಹೇಳಬೇಕಾಗಿಲ್ಲ. 2020ರ ಫೆಬ್ರುವರಿಯಲ್ಲಿ ಒಪ್ಪಂದಕ್ಕೆ ಸಹಿ ಬಿತ್ತು. ಮುಕ್ಕಾಲು ಭಾಗ, ಅಂದರೆ 12,000 ಯೂರೋ. ಜೊತೆಗೆ ರಜೆ, ಗಾಯವಾದಾಗಿನ ರಕ್ಷಣೆ, ಹೆರಿಗೆಯ ರಕ್ಷಣೆ.

2021ರ ಜೂನಿನಲ್ಲಿ ಅಲ್ಲಿನ ಸರ್ಕಾರದ ಕ್ರೀಡಾ ಮಂಡಳಿ ಮಹಿಳಾ ಲೀಗನ್ನು ‘ವೃತ್ತಿಪರ’ ಎಂದು ಘೋಷಿಸಿತು. ಲೀಗಾ ಎಫ್ ಎಂಬ ಹೆಸರಿನಲ್ಲಿ ಮೊದಲ ಹಂಗಾಮು 2022ರಲ್ಲಿ ಶುರುವಾಗಬೇಕು, ಆಗ ರೆಫರಿಗಳು ಮುಷ್ಕರ ಹೂಡಿದರು! ಅವರೂ ಹೆಂಗಸರೇ, ಅವರ ಪಗಾರವೂ ಕಡಿಮೆಯೇ ಇತ್ತು. ಮುಂದಿನ ವರ್ಷ, ವಿಶ್ವಕಪ್ ಗೆದ್ದು ಮೂರು ವಾರ ಕಳೆದಿರಲಿಲ್ಲ, ಆಟಗಾರ್ತಿಯರು ಮತ್ತೆ ಲೀಗಿನ ಮೊದಲ ಸುತ್ತನ್ನು ಆಡಲಿಲ್ಲ. ಕನಿಷ್ಠ ಪಗಾರ 21,000 ಯೂರೋಕ್ಕೆ ಏರಿತು. ಇಲ್ಲಿ ನಿಲ್ಲಿ. ಬಾರ್ಸಿಲೋನಾದ ತಾರೆಯರಿಗೆ ಈ ಕನಿಷ್ಠದಿಂದ ಆಗಬೇಕಾದ್ದೇನೂ ಇರಲಿಲ್ಲ, ಅವರ ಪಗಾರ ಅದಕ್ಕಿಂತ ಎಷ್ಟೋ ಮೇಲಿತ್ತು. ಅವರು ಆಟ ನಿಲ್ಲಿಸಿದ್ದು ಪಟ್ಟಿಯ ಕೊನೆಯ ಕ್ಲಬ್ಬಿನಲ್ಲಿ ಆಡುವ, ಗೋಲು ಹೊಡೆಯದ, ಯಾರೂ ಶಾಲು ಹೊದಿಸದ ಹುಡುಗಿಗಾಗಿ. ಸ್ಫೂರ್ತಿ ಬೇಕೆನ್ನುವವರು ಇದನ್ನು ತೆಗೆದುಕೊಳ್ಳಲಿ.

ಮಾಪಿ ಲಿಯೊನ್ ಎಂಬ ಡಿಫೆಂಡರಳ ಬದುಕನ್ನು ನೋಡಿ. ಜರಗೋಜಾದವಳು. 2017ರಲ್ಲಿ ಆಕೆಯನ್ನು ಅಟ್ಲೆಟಿಕೊ ಮ್ಯಾಡ್ರಿಡ್‌ನಿಂದ ಬಾರ್ಸಿಲೋನಾ 50,000 ಯೂರೋ ಕೊಟ್ಟು ಕೊಂಡಿತು. ಸ್ಪೇನಿನ ಎರಡು ಕ್ಲಬ್ಬುಗಳ ನಡುವೆ ಒಬ್ಬ ಆಟಗಾರ್ತಿಗಾಗಿ ಹಣ ಕೈ ಬದಲಾದದ್ದು ಅದೇ ಮೊದಲು, ಅದೂ ಡಿಫೆಂಡರಳಿಗಾಗಿ. 2022ರ ಸೆಪ್ಟೆಂಬರಿನಲ್ಲಿ ರಾಷ್ಟ್ರೀಯ ತಂಡದ ಪರಿಸ್ಥಿತಿ ಬದಲಾಗದೆ ತಮ್ಮನ್ನು ಆಯ್ಕೆ ಮಾಡಬೇಡಿ ಎಂದು ಫೆಡರೇಷನ್ನಿಗೆ ಬರೆದ ಹದಿನೈದು ಜನರಲ್ಲಿ ಈಕೆಯೂ ಒಬ್ಬಳು. ಆ ಹದಿನೈದರಲ್ಲಿ ಮೂವರು ಮಾತ್ರ ವಿಶ್ವಕಪ್ ತಂಡದಲ್ಲಿದ್ದರು. ಮಾಪಿ ಹೋಗಲಿಲ್ಲ. ಫೈನಲ್ ದಿನ ಫೆಡರೇಷನ್ ಅಧ್ಯಕ್ಷ ರುಬಿಯಾಲೆಸ್ ಪದಕ ಕೊಡುವ ವೇದಿಕೆಯಲ್ಲೇ ಜೆನಿ ಎರ್ಮೊಸೊಳ ಒಪ್ಪಿಗೆಯಿಲ್ಲದೆ ತುಟಿಗೆ ಮುತ್ತಿಟ್ಟಾಗ, ಹದಿನೈದು ಜನ ಮೊದಲೇ ಹೇಳಿದ್ದು ಸುಮ್ಮನೆ ಹೇಳಿದ್ದಲ್ಲ ಎಂದು ಜಗತ್ತಿಗೆ ಅರ್ಥವಾಯಿತು. 2025ರಲ್ಲಿ ನ್ಯಾಯಾಲಯ ಆತನನ್ನು ತಪ್ಪಿತಸ್ಥ ಎಂದಿತು, ದಂಡ ಹಾಕಿತು. ಮಾಪಿ ಅಷ್ಟು ದಿನ ‘ಇಲ್ಲ’ ಎನ್ನಲು ಸಾಧ್ಯವಾದದ್ದು ಹೇಗೆ? ಧೈರ್ಯವಿತ್ತು, ನಿಜ. ಜೊತೆಗೆ ಕ್ಲಬ್ಬಿನ ಕರಾರು ಇತ್ತು, ತಿಂಗಳ ಪಗಾರವಿತ್ತು.

ಇನ್ನು ನಮ್ಮ ದೇಶ. ಅಖಿಲ ಭಾರತ ಫುಟ್‌ಬಾಲ್ ಫೆಡರೇಷನ್ 2023ರಲ್ಲಿ ಒಂದು ನಿಯಮ ತಂದಿತು: ಇಂಡಿಯನ್ ವಿಮೆನ್ಸ್ ಲೀಗಿನ ಕ್ಲಬ್ಬುಗಳು ಕನಿಷ್ಠ ಹತ್ತು ಭಾರತೀಯ ಆಟಗಾರ್ತಿಯರಿಗೆ ವರ್ಷಕ್ಕೆ 3.2 ಲಕ್ಷ ರೂಪಾಯಿಗೆ ಕಡಿಮೆಯಿಲ್ಲದ ಕರಾರು ಕೊಡಬೇಕು. ತಿಂಗಳಿಗೆ ಇಪ್ಪತ್ತಾರು ಸಾವಿರ ಚಿಲ್ಲರೆ. ಒಳ್ಳೆಯದೇ. ಆದರೆ ಹನ್ನೊಂದು ಜನ ಆಡುವ ಆಟಕ್ಕೆ ಹತ್ತು ಕರಾರು! ಆ ಹನ್ನೊಂದನೆಯವಳು ಯಾರು ಎಂದು ಊಹಿಸುವುದು ಕಷ್ಟವಲ್ಲ. ಲೀಗು ಹುಟ್ಟಿದ್ದು 2017ರಲ್ಲಿ, ತವರಿನಲ್ಲಿ ಒಂದು ಎದುರಾಳಿಯ ಊರಿನಲ್ಲಿ ಒಂದು ಎಂಬ ಪದ್ಧತಿ ಬಂದದ್ದು 2023-24ರಲ್ಲಿ. ಆ ವರ್ಷ ತಂಡಗಳು ಏಳು. ಅಂದರೆ ಒಬ್ಬಳಿಗೆ ಹೆಚ್ಚೆಂದರೆ 12 ಪಂದ್ಯ, ಡಿಸೆಂಬರಿನಿಂದ ಮಾರ್ಚಿನವರೆಗೆ. ಲೀಗಾ ಎಫ್‌ನಲ್ಲಿ 16 ತಂಡ, 30 ಪಂದ್ಯ. ನಾಲ್ಕು ತಿಂಗಳಿನದಕ್ಕೆ ನಮ್ಮ ಕಡೆ ಸುಗ್ಗಿ ಎನ್ನುತ್ತಾರೆ, ವೃತ್ತಿ ಎನ್ನುವುದಿಲ್ಲ.

ಭಾರತದ ಡಿಫೆಂಡರಳ ಬದುಕು ತಿಳಿಯಬೇಕಾದರೆ ಮಣಿಪುರದ ಆಶಾಲತಾ ದೇವಿಯನ್ನು ನೋಡಬೇಕು. ಭಾರತ ತಂಡದ ನಾಯಕಿಯಾಗಿದ್ದವಳು, 2019ರಲ್ಲಿ ಏಷ್ಯಾದ ವರ್ಷದ ಆಟಗಾರ್ತಿ ಪ್ರಶಸ್ತಿಯ ಕೊನೆಯ ಮೂವರಲ್ಲಿ ಒಬ್ಬಳು, ಭಾರತಕ್ಕಾಗಿ ನೂರು ಪಂದ್ಯ ಮುಟ್ಟಿದವಳು. ಆಕೆಯ ತಲೆಮಾರು ಏನೇನು ಕಂಡಿತು? 2022ರ ಜನವರಿಯಲ್ಲಿ ನವಿ ಮುಂಬೈಯಲ್ಲಿ, ನಮ್ಮದೇ ನೆಲದ ಏಷ್ಯಾ ಕಪ್ಪಿನಲ್ಲಿ, ತಂಡದೊಳಗೆ ಕೋವಿಡ್ ಹಬ್ಬಿ ಹದಿಮೂರು ಜನರನ್ನು ಕೂಡಿಸಲಾಗದೆ ಭಾರತ ಹೊರಬಿತ್ತು. ಅದೇ ವರ್ಷದ ಆಗಸ್ಟಿನಲ್ಲಿ ಫಿಫಾ ನಮ್ಮ ಫೆಡರೇಷನ್ನನ್ನು ಅಮಾನತು ಮಾಡಿತು. ಏಷ್ಯಾದ ಕ್ಲಬ್ ಟೂರ್ನಿ ಆಡಲು ತಾಷ್ಕೆಂಟಿಗೆ ಹೋಗಿದ್ದ ಗೋಕುಲಂ ಕೇರಳದ ಹೆಣ್ಣುಮಕ್ಕಳು ಆಡದೆಯೇ ಹಿಂದಿರುಗಿದರು. ಖುರ್ಚಿಗಾಗಿ ಜಗಳವಾಡಿದವರು ಬೇರೆ, ಪಂದ್ಯ ಕಳೆದುಕೊಂಡವರು ಬೇರೆ.

‘ಹೆಣ್ಮಕ್ಳ ಫುಟ್‌ಬಾಲ್ ಯಾರ್ ನೋಡ್ತಾರ್ರಿ ಸರ, ನೋಡೋರಿಲ್ಲಂದ್ರ ರೊಕ್ಕ ಎಲ್ಲಿಂದ ಬರ್ತದ?’ ಎಂದು ನನ್ನ ಸಹೋದ್ಯೋಗಿಗಳು ಕೇಳುತ್ತಾರೆ. ಅವರಿಗೊಂದು ಹಳೆಯ ಸಂಗತಿ. 1920ರ ಕ್ರಿಸ್‌ಮಸ್ ಮರುದಿನ ಲಿವರ್‌ಪೂಲಿನ ಗುಡಿಸನ್ ಪಾರ್ಕಿನಲ್ಲಿ ಕಾರ್ಖಾನೆಯ ಹೆಣ್ಣುಮಕ್ಕಳ ತಂಡದ ಆಟ ನೋಡಲು 53,000 ಜನ ಸೇರಿದ್ದರು. ಮುಂದಿನ ಡಿಸೆಂಬರಿನಲ್ಲಿ ಇಂಗ್ಲೆಂಡಿನ ಫುಟ್‌ಬಾಲ್ ಸಂಸ್ಥೆ ಹೆಂಗಸರಿಗೆ ತನ್ನ ಮೈದಾನಗಳನ್ನು ಮುಚ್ಚಿತು. ಸುಮಾರು ಐವತ್ತು ವರ್ಷ ಮುಚ್ಚಿಟ್ಟು, ಆಮೇಲೆ ಇವರ ಆಟಕ್ಕೆ ಜನ ಬರುವುದಿಲ್ಲ ಎಂದರು. 2022ರ ಮಾರ್ಚಿನಲ್ಲಿ ಬಾರ್ಸಿಲೋನಾ ದೊಡ್ಡ ಮೈದಾನದ ಬಾಗಿಲು ತೆರೆದಾಗ ಬಂದವರು 91,553. ನಮ್ಮದೇ ಕಥೆ ಬೇಕೆಂದರೆ, 1980ರಲ್ಲಿ ಕಲ್ಲಿಕೋಟೆಯಲ್ಲಿ ನಡೆದ ಏಷ್ಯಾ ಚಾಂಪಿಯನ್‌ಷಿಪ್ಪಿನಲ್ಲಿ ಭಾರತ ಎರಡನೆಯ ಸ್ಥಾನ ಪಡೆದಿತ್ತು, 1983ರಲ್ಲಿ ಮತ್ತೊಮ್ಮೆ. ಆಗ ಏಷ್ಯಾದಲ್ಲಿ ಎರಡನೆಯವರು. ಆ ಆಟಗಾರ್ತಿಯರ ಹೆಸರು ಹೇಳಿ ಎಂದು ಕೇಳಿದರೆ ಸ್ಟಾಫ್ ರೂಮ್ ಸುಮ್ಮನಾಗುತ್ತದೆ.

ಕರ್ನಾಟಕದಲ್ಲಿ ಏನೂ ಇಲ್ಲ ಎಂದಲ್ಲ. ಬೆಂಗಳೂರಿನ ಕಿಕ್‌ಸ್ಟಾರ್ಟ್ ಕ್ಲಬ್ 2023ರಲ್ಲಿ ರಾಷ್ಟ್ರೀಯ ಲೀಗಿನ ಫೈನಲ್ ತನಕ ಹೋಗಿತ್ತು, ಗೋಕುಲಂ ಎದುರು ಸೋತಿತು. ಆದರೆ ಹೆಣ್ಣುಮಕ್ಕಳ ಫುಟ್‌ಬಾಲ್ ಎಂದರೆ ನಮ್ಮ ರಾಜ್ಯದಲ್ಲಿ ಹೆಚ್ಚಾಗಿ ಬೆಂಗಳೂರು. ಚಂದಾಪುರದ ಹುಡುಗಿಗೆ ಅದು ಒಂದು ರಾತ್ರಿಯ ಬಸ್ಸು. ಶಕ್ತಿ ಯೋಜನೆ ಬಂದಮೇಲೆ ಆ ಬಸ್ಸಿನ ಟಿಕೆಟ್ಟಿಗೂ ರೊಕ್ಕ ಬೇಕಾಗಿಲ್ಲ. ಇಳಿದ ಮೇಲೆ ಎಲ್ಲಿ ಮಲಗಬೇಕು, ಏನು ತಿನ್ನಬೇಕು ಎಂಬುದಕ್ಕೆ ಯೋಜನೆ ಇಲ್ಲ.

ಭಾಷಣದ ಹುಡುಗಿಗೆ ಆದದ್ದು ಇದೇ. ಬೆಂಗಳೂರಿನ ಒಂದು ಕ್ಲಬ್ಬಿನವರು ಟ್ರಯಲಿಗೆ ಕರೆದರು. ನಾನು ಆಕೆಯ ಮನೆಗೆ ಹೋದೆ. ಅಪ್ಪ ತೊಗರಿ ರಾಶಿ ಮುಗಿಸಿ ಪುಣೆಗೆ ದುಡಿಯಲು ಹೋಗುವ ತಯಾರಿಯಲ್ಲಿದ್ದ. ಚಹಾ ಕೊಟ್ಟು ಕೇಳಿದ:

‘ಪಗಾರ ಎಟ್ಟ್ ಕೊಡ್ತಾರ್ರಿ ಸರ?’

‘ಈಗ ಪಗಾರ ಇಲ್ಲ ಕಾಕಾ, ಟ್ರಯಲ್ ಅದ. ಎರಡು ತಿಂಗಳು ನೋಡ್ತಾರ.’

‘ಮತ್ತ ಊಟ, ಖೋಲಿ?’

‘ಅದು ನಾವೇ ನೋಡ್ಕೋಬೇಕು.’

‘ಕಾಲ್ ಮುರೀತಂದ್ರ?’

ನಾನು ಏನೂ ಹೇಳಲಿಲ್ಲ. ಮನುಷ್ಯ ಒರಟ, ಮಗಳ ಕನಸು ಅರ್ಥವಾಗದವನು ಎಂದು ಬೈಕು ಹತ್ತುವಾಗ ಮನಸ್ಸಿನಲ್ಲೇ ಬೈದುಕೊಂಡೆ. ಸ್ಪೇನಿನ ಒಪ್ಪಂದದ ವಿವರ ಓದಿದ ಮೇಲೆ ಗೊತ್ತಾಯಿತು, ಅಲ್ಲಿನ ಕಾರ್ಮಿಕ ಸಂಘಗಳು ತಿಂಗಳುಗಟ್ಟಲೆ ಮೇಜಿನ ಮೇಲೆ ಇಟ್ಟು ಜಗಳವಾಡಿದ ಪ್ರಶ್ನೆಗಳನ್ನು ಆತ ಚಹಾ ಆರುವುದರೊಳಗೆ ಕೇಳಿ ಮುಗಿಸಿದ್ದ. ಆಕೆ ನನ್ನ ಮಾತು ನಂಬಿ ಹೋದಳು. ನಾವು ನಾಲ್ಕು ಜನ ಅಧ್ಯಾಪಕರು ವಂತಿಗೆ ಹಾಕಿ ಬೂಟು ಕೊಡಿಸಿದೆವು, ಒಂದು ತಿಂಗಳ ಪೇಯಿಂಗ್ ಗೆಸ್ಟ್ ಬಾಡಿಗೆ ಕೊಟ್ಟೆವು. ಎರಡನೆಯ ತಿಂಗಳಿಗೆ ಯಾರೂ ಕೊಡಲಿಲ್ಲ, ನಾನೂ ಕೊಡಲಿಲ್ಲ. ಮೂವತ್ತೆಂಟನೆಯ ದಿನ ವಾಪಸು ಬಂದಳು. ಕ್ಲಬ್ಬಿನವರು ಬೇಡ ಎಂದಿರಲಿಲ್ಲ, ‘ಇನ್ನೂ ಸ್ವಲ್ಪ ದಿನ ನೋಡೋಣ’ ಎಂದಿದ್ದರು.

2013ರಲ್ಲಿ ರಾಂಚಿ ಹತ್ತಿರದ ಹಳ್ಳಿಯ ಹುಡುಗಿಯರು ಯುವಾ ಎಂಬ ಸಂಸ್ಥೆಯ ತಂಡವಾಗಿ ಸ್ಪೇನಿಗೇ ಹೋಗಿ ಒಂದು ಟೂರ್ನಿಯಲ್ಲಿ ಮೂರನೆಯ ಸ್ಥಾನ ತಂದರು. ಪಾಸ್‌ಪೋರ್ಟಿಗೆಂದು ಜನನ ಪ್ರಮಾಣಪತ್ರ ಕೇಳಲು ಹೋದಾಗ ಪಂಚಾಯ್ತಿ ಕಚೇರಿಯಲ್ಲಿ ಅವರಿಗೆ ಕಪಾಳಕ್ಕೆ ಹೊಡೆದು ನೆಲ ಗುಡಿಸಿಸಿದ್ದರು ಎಂದು ಆ ಮಕ್ಕಳೇ ಹೇಳಿದ್ದಾರೆ. ಗೆದ್ದು ಬಂದ ಮೇಲೆ ಸನ್ಮಾನ. ಪೊರಕೆ ಕೊಟ್ಟ ಕೈಗೂ ಶಾಲು ಹೊದಿಸುವ ಕೈಗೂ ನಡುವೆ ಕರಾರು ಕೊಡುವ ಕೈಯೊಂದು ಇರಬೇಕಿತ್ತು.

ನಮ್ಮ ಭಾಗದಲ್ಲಿ ಹಣವಿಲ್ಲವೆಂದು ಯಾರಾದರೂ ಹೇಳಿದರೆ ಸೇಡಂ, ಚಿತ್ತಾಪುರ, ವಾಡಿ ಕಡೆ ಒಮ್ಮೆ ರಾತ್ರಿ ಹೋಗಿ ಬನ್ನಿ ಎನ್ನುತ್ತೇನೆ. ಸುಣ್ಣದ ಕಲ್ಲಿನ ಮೇಲೆ ಕೂತ ಸಿಮೆಂಟ್ ಕಾರ್ಖಾನೆಗಳ ದೀಪಗಳು ದೂರದಿಂದಲೇ ಕಾಣುತ್ತವೆ. 2013ರ ಕಂಪನಿ ಕಾಯ್ದೆಯ ಪ್ರಕಾರ ದೊಡ್ಡ ಕಂಪನಿಗಳು ಲಾಭದ ಶೇಕಡ 2ರಷ್ಟನ್ನು ಸಾಮಾಜಿಕ ಕೆಲಸಕ್ಕೆ ಕೊಡಬೇಕು. ಆ ಕೆಲಸಗಳ ಪಟ್ಟಿಯಲ್ಲಿ ಗ್ರಾಮೀಣ ಕ್ರೀಡೆಗಳ ತರಬೇತಿ, ಒಲಿಂಪಿಕ್ ಕ್ರೀಡೆಗಳ ತರಬೇತಿ ಎಂದು ಸ್ಪಷ್ಟವಾಗಿ ಬರೆದಿದೆ. ಕಲ್ಯಾಣ ಕರ್ನಾಟಕ ಪ್ರದೇಶಾಭಿವೃದ್ಧಿ ಮಂಡಳಿ ಇದೆ, 371ಜೆ ಇದೆ. ಒಂದು ಮಹಿಳಾ ತಂಡ, ಇಪ್ಪತ್ತೆರಡು ಜನ, ಎಲ್ಲರಿಗೂ ಹನ್ನೆರಡು ತಿಂಗಳ ಕರಾರು, ಒಬ್ಬ ಕೋಚ್, ವಿಮೆ. ತಿಂಗಳಿಗೆ ಇಪ್ಪತ್ತೈದು ಸಾವಿರದ ಲೆಕ್ಕದಲ್ಲಿ ಆಟಗಾರ್ತಿಯರ ಪಗಾರ ವರ್ಷಕ್ಕೆ 66 ಲಕ್ಷ ರೂಪಾಯಿ. ದೊಡ್ಡ ಮೊತ್ತವೇ. ಆದರೆ ಒಂದು ಜಿಲ್ಲೆಗೆ, ಒಂದು ಕಾರ್ಖಾನೆಗೆ ಆಗದ ಮೊತ್ತವಲ್ಲ.

ಈ ಲೆಕ್ಕವನ್ನು ಬರೆದು ಕಳೆದ ವರ್ಷ ಒಂದು ಕಡೆ ಅರ್ಜಿ ಹಾಕಿದೆ. ಪಗಾರಕ್ಕೆ ಅವಕಾಶವಿಲ್ಲ, ಜೆರ್ಸಿ ಮತ್ತು ಟ್ರೋಫಿ ಕೊಡಬಹುದು, ಕಾರ್ಯಕ್ರಮದ ದಿನಾಂಕ ತಿಳಿಸಿ ಎಂದು ಉತ್ತರ ಬಂತು. ಕಾರ್ಯಕ್ರಮ ಇಲ್ಲವೆಂದು ಮರುಪತ್ರ ಬರೆದಿದ್ದೇನೆ.

ಆಕೆ ಈಗ ತಾಂಡೂರಿನಲ್ಲಿದ್ದಾಳೆ, ಮದುವೆಯಾಗಿದೆ, ಒಂದು ಬಟ್ಟೆ ಅಂಗಡಿಯಲ್ಲಿ ಲೆಕ್ಕ ಬರೆಯುತ್ತಾಳೆ. ಹೋದ ಯುಗಾದಿಗೆ ಫೋನ್ ಮಾಡಿದ್ದಳು. ಮಾತಿನ ನಡುವೆ, ‘ಸರ, ಇಲ್ಲಿ ತಿಂಗಳ ಒಂದನೇ ತಾರೀಖಿಗೆ ಪಗಾರ ಹಾಕ್ತಾರ್ರಿ’ ಎಂದಳು. ಆ ಬೂಟು ಯಾರಿಗಾದರೂ ಬರುತ್ತದೆಯೇ ನೋಡಿ ಎಂದು ಕಾಲೇಜಿಗೇ ಕೊಟ್ಟು ಹೋಗಿದ್ದಳು. ಐದನೇ ನಂಬರಿನದು, ಕಪಾಟಿನಲ್ಲಿ ಇನ್ನೂ ಇದೆ.