ಠಾಣೆಯ ಅಂಗಳದಲ್ಲಿ ತುಕ್ಕು ಹಿಡಿಯುವ ಟ್ರಾಕ್ಟರುಗಳು

ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ ತಾಲ್ಲೂಕುಗಳ ಠಾಣೆಗಳ ಅಂಗಳದಲ್ಲಿ ಜಪ್ತಿಯಾದ ವಾಹನಗಳು ಮಳೆ ಬಿಸಿಲಿಗೆ ನಿಂತಿರುವುದನ್ನು ನೋಡದ ಬೆಳೆಗಾರರಿಲ್ಲ. ಪರವಾನಗಿಯಿಲ್ಲದೆ ಹೊಳೆಯ ಮರಳು ಸಾಗಿಸಿದ ಟ್ರಾಕ್ಟರು, ಅಪಘಾತಕ್ಕೆ ಸಿಕ್ಕ ಪಿಕಪ್ಪು, ಮರ ತುಂಬಿದ ಲಾರಿ, ಹೀಗೆ ಕಾರಣಗಳು ಹಲವು. ಮೊಕದ್ದಮೆ ಮುಗಿಯಲು ವರ್ಷಗಳು ಬೇಕು. ಟೈರು ಬಿರುಕು ಬಿಡಲು ಒಂದೆರಡು ಮಳೆಗಾಲ ಸಾಕು.

ಕಾಯಿದೆ ಮುರಿದವರಿಗೆ ಶಿಕ್ಷೆಯಾಗಲಿ. ಅದರಲ್ಲಿ ನಮ್ಮದು ಎರಡು ಮಾತಿಲ್ಲ. ಹೇಮಾವತಿಯ ಒಡಲು ಬರಿದಾದರೆ ದಡದ ಬಾವಿಗಳ ನೀರು ಇಳಿಯುತ್ತದೆ, ಒಣಗುವುದು ನಮ್ಮದೇ ಅಡಿಕೆ ತೋಟ. ಆದರೆ ಅಪರಾಧ ಸಾಬೀತಾಗುವ ಮೊದಲೇ ವಾಹನ ಗುಜರಿಯಾಗುವುದರಿಂದ ಯಾರಿಗೂ ಲಾಭವಿಲ್ಲ. ನಾಳೆ ಸರ್ಕಾರವೇ ಮುಟ್ಟುಗೋಲು ಹಾಕಿಕೊಂಡರೂ ಅದರ ಕೈಗೆ ಸಿಗುವುದು ತುಕ್ಕು ಮಾತ್ರ. ಇತ್ತ ಠಾಣೆಯಲ್ಲಿ ನಿಂತ ಟ್ರಾಕ್ಟರಿಗೂ ಸಾಲದ ಕಂತು ತಪ್ಪುವುದಿಲ್ಲ. ಕೊಯ್ಲೂ ಯಾರಿಗಾಗಿಯೂ ಕಾಯುವುದಿಲ್ಲ.

ಸುಂದರಭಾಯಿ ಅಂಬಾಲಾಲ್ ದೇಸಾಯಿ ಮತ್ತು ಗುಜರಾತ್ ಸರ್ಕಾರದ ನಡುವಿನ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 2002ರಲ್ಲೇ ಈ ಮಾತನ್ನು ಸ್ಪಷ್ಟಪಡಿಸಿದೆ. ಜಪ್ತಿಯಾದ ವಾಹನಗಳನ್ನು ಠಾಣೆಯಲ್ಲಿ ಬಹುಕಾಲ ಇಟ್ಟುಕೊಳ್ಳುವುದರಿಂದ ಉಪಯೋಗವಿಲ್ಲ. ಪಂಚನಾಮೆ ಮಾಡಿ, ಫೋಟೋ ತೆಗೆಸಿ, ಮುಚ್ಚಳಿಕೆ ಮತ್ತು ಭದ್ರತೆ ಪಡೆದು ಮ್ಯಾಜಿಸ್ಟ್ರೇಟರು ಬೇಗ ಆದೇಶ ಮಾಡಬೇಕು ಎಂಬುದು ಅದರ ಸಾರ. ಆಗ 1973ರ ಸಂಹಿತೆಯ 451 ಮತ್ತು 457ನೇ ಕಲಮುಗಳಲ್ಲಿದ್ದ ಈ ಅಧಿಕಾರ, 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 497 ಮತ್ತು 503ನೇ ಕಲಮುಗಳಲ್ಲಿದೆ. 497ನೇ ಕಲಮಿನಂತೆ, ಸ್ವತ್ತು ನ್ಯಾಯಾಲಯದ ಮುಂದೆ ಬಂದ 14 ದಿನಗಳಲ್ಲಿ ಅದರ ವಿವರಪಟ್ಟಿಯಾಗಬೇಕು, ಫೋಟೋ ತೆಗೆಯಬೇಕು. ಅದಾದ 30 ದಿನಗಳಲ್ಲಿ ವಿಲೇವಾರಿಯ ಆದೇಶವಾಗಬೇಕು.

ಕಾಯಿದೆ ಇಷ್ಟು ನೇರವಾಗಿರುವಾಗ ಆಕ್ಷೇಪಣೆ ಸಲ್ಲಿಸಲು ವಾಯಿದೆಯ ಮೇಲೆ ವಾಯಿದೆ ಕೇಳುವುದು ಸರಿಯಲ್ಲವೆಂದು ನಾವು ಹೇಳುತ್ತೇವೆ. ಭದ್ರತೆಯ ಮೊತ್ತವೂ ಹಿಡಿತದಲ್ಲಿರಬೇಕು. ಸಣ್ಣ ಹಿಡುವಳಿದಾರನಿಗೆ ಟ್ರಾಕ್ಟರಿನ ಬೆಲೆಯಷ್ಟು ಬ್ಯಾಂಕ್ ಖಾತರಿ ಕೇಳಿದರೆ ಬಿಡುಗಡೆಯ ಆದೇಶ ಕಾಗದದಲ್ಲೇ ಉಳಿಯುತ್ತದೆ. ಪಹಣಿಯುಳ್ಳ ಊರಿನವರ ಜಾಮೀನನ್ನು ಒಪ್ಪಬಹುದು. ಪದೇ ಪದೇ ಮರಳು ದಂಧೆಯಲ್ಲಿ ಸಿಕ್ಕಿಬೀಳುವ ವಾಹನಕ್ಕೆ ಮಾತ್ರ ಷರತ್ತು ಬಿಗಿಯಾಗಿರಲಿ. ಇಬ್ಬರನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದು ನ್ಯಾಯವಲ್ಲ.

ಬೆಳೆಗಾರ ಬಂಧುಗಳೂ ಕೆಲವು ಮಾತು ಗಮನಿಸಬೇಕು. ಬಿಡುಗಡೆಯೆಂದರೆ ಖುಲಾಸೆಯಲ್ಲ, ವಾಹನವನ್ನು ಮಾರದೆ, ರೂಪ ಬದಲಿಸದೆ, ನ್ಯಾಯಾಲಯ ಕರೆದಾಗ ಹಾಜರುಪಡಿಸಬೇಕಾಗುತ್ತದೆ. ಆರ್.ಸಿ. ನಿಮ್ಮ ಹೆಸರಿನಲ್ಲಿರಲಿ. ಕೊಂಡ ಮೇಲೆ ವರ್ಗಾವಣೆ ಮಾಡಿಸದೆ ಬಿಟ್ಟವರಿಗೆ ಒಡೆತನ ತೋರಿಸುವುದೇ ಮೊದಲ ತೊಡಕು. ವಿಮೆ ತಪ್ಪಿಸಬೇಡಿ, ವಿಮೆಯಿಲ್ಲದ ವಾಹನ ಅಪಘಾತಕ್ಕೆ ಸಿಕ್ಕರೆ, ಪರಿಹಾರಕ್ಕೆ ಸಾಕಾಗುವ ಭದ್ರತೆ ಕೊಡದ ಹೊರತು ಬಿಡಬಾರದೆಂದು 2018ರಲ್ಲಿ ಸುಪ್ರೀಂ ಕೋರ್ಟು ರಾಜ್ಯಗಳಿಗೆ ನಿಯಮ ಮಾಡಲು ಸೂಚಿಸಿದೆ.

ಮರದ ವಿಷಯದಲ್ಲಿ ಇನ್ನಷ್ಟು ಎಚ್ಚರ ಬೇಕು. 1963ರ ಕರ್ನಾಟಕ ಅರಣ್ಯ ಕಾಯಿದೆಯ 71-ಎ ಕಲಮಿನಡಿ ವಾಹನವನ್ನು ಮುಟ್ಟುಗೋಲು ಹಾಕಿಕೊಳ್ಳುವ ಅಧಿಕಾರ ಇಲಾಖೆಯ ಅಧಿಕೃತ ಅಧಿಕಾರಿಗೇ ಇದೆ. ತನಗೆ ತಿಳಿಯದೆ ನಡೆಯಿತು, ತಕ್ಕ ಎಚ್ಚರಿಕೆಯನ್ನೂ ವಹಿಸಿದ್ದೆ ಎಂದು ತೋರಿಸುವ ಹೊರೆ ಮಾಲೀಕನದು. ಬಾಡಿಗೆಯ ಆಸೆಗೆ ಗುರುತಿಲ್ಲದವರ ಕೈಗೆ ಟ್ರಾಕ್ಟರು ಕೊಟ್ಟವನು ಇದನ್ನು ಹೇಗೆ ತೋರಿಸಿಯಾನು?

ವಾಹನ ಜಪ್ತಿಯಾದರೆ ಮಧ್ಯವರ್ತಿಗಳ ಹಿಂದೆ ಅಲೆಯದೆ ಮಹಜರಿನ ಪ್ರತಿ ಪಡೆದು, ಆ ವಾರವೇ ವಕೀಲರ ಮೂಲಕ ಅರ್ಜಿ ಹಾಕಿಸಿ. ಫೀಜು ಭರಿಸಲಾಗದವರು ತಾಲ್ಲೂಕು ಕಾನೂನು ಸೇವಾ ಸಮಿತಿಯನ್ನು ಕೇಳಬಹುದು. ಸಾಲ ಕೊಟ್ಟ ಸಹಕಾರ ಸಂಘಗಳೂ ಇಂಥ ಹೊತ್ತಿನಲ್ಲಿ ದಾಖಲೆಗಳ ನಕಲನ್ನು ತಡಮಾಡದೆ ಒದಗಿಸಬೇಕು. ಸದಸ್ಯನ ಟ್ರಾಕ್ಟರು ಉಳಿದರೆ ಸಂಘದ ಸಾಲವೂ ಉಳಿಯುತ್ತದೆ.