ಕಡವಿನ ದೋಣಿಯನ್ನು ಸೌದೆ ಮಾಡಬೇಡಿ

ಚಂದ್ರಗಿರಿ ಹೊಳೆಯ ಕರೆಯಲ್ಲಿ, ನಮ್ಮ ಹಳೇ ಕಡವಿನ ಹತ್ತಿರ, ಒಂದು ದೋಣಿ ಮಗುಚಿ ಬಿದ್ದುಂಟು. ಹೆಬ್ಬಲಸಿನ ಹಲಗೆ, ತೆಂಗಿನ ನಾರಿನ ಹುರಿಯಲ್ಲಿ ಹೊಲಿದದ್ದು. ಸೇತುವೆ ಆದ ಮೇಲೆ ಅದನ್ನು ಕೇಳುವವರಿಲ್ಲ. ಈಗ ಕಡಿದು ಸೌದೆಗೆ ಮಾರುವ ಮಾತು ಬಂದಿದೆ. ನಾನು ಏಳನೇ ಕ್ಲಾಸು ಕಲಿತವ. ಆದರೂ ಬೇಡ ಅಂತ ಹೇಳುತ್ತೇನೆ.

ಮರ ಕುಂಬಾಯಿತು ಅನ್ನುವವರ ಹತ್ತಿರ ನನಗೆ ಜಗಳ ಇಲ್ಲ. ಜಗಳ ಇರುವುದು ಇನ್ನೊಂದು ಮಾತಿಗೆ. "ತೆಂಕಲಿನವರನ್ನು ತಂದು ಹಾಕಿದ ದೋಣಿಯಲ್ಲವಾ ಅದು? ಅವರು ಬಂದೇ ನಮ್ಮ ಕನ್ನಡ ಮೂಲೆಗೆ ಬಿತ್ತು. ಉಳಿಸಿ ಎಂತ ಮಾಡುವುದು?" ಅಂತ ನಮ್ಮವರೇ ಕೇಳುತ್ತಾರೆ.

ಹೌದು, ತಂದಿತು. 1943ರಲ್ಲಿ ಕೋಟ್ಟಯಂ ಕಡೆಯ ಕುಟುಂಬಗಳು ರಾಜಪುರಕ್ಕೆ ಬಂದು ಕಾಡು ಕಡಿದು ಕೃಷಿ ಮಾಡಿದವು. ಆಮೇಲೆ ತೆಂಕಲಿನಿಂದ ಬಂದವರಲ್ಲಿ ಕೆಲವರು ನಮ್ಮ ಕಡವು ದಾಟಿದರು. ತಲೆಯಲ್ಲಿ ಮರಗೆಣಸಿನ ಕೋಲಿನ ಕಟ್ಟು, ಸೊಂಟದಲ್ಲಿ ಜ್ವರದ ಮಗು ಅಂತ ಅಪ್ಪ ಹೇಳುತ್ತಿದ್ದರು. ಅದೇ ದೋಣಿಯಲ್ಲಿ ನಮ್ಮ ಹುಡುಗರು ಬೊಂಬಾಯಿಯ ಹೋಟೆಲುಗಳಲ್ಲಿ ತಟ್ಟೆ ತೊಳೆಯಲು ಹೊರಟರು. ನನ್ನ ಅಣ್ಣನೂ ಹೋದ. ಅವನನ್ನು ಅಲ್ಲಿಯವರು "ಯಾಕೆ ಬಂದೆ?" ಅಂತ ಕೇಳಿದರೆ ನಮಗೆ ನೋವಾಗುವುದಿಲ್ಲವಾ?

ಕನ್ನಡ ಮೂಲೆಗೆ ಬಿದ್ದದ್ದು ದೋಣಿಯಿಂದ ಅಲ್ಲ ಮಾರಾಯ್ರೇ. 1956ರ ನವೆಂಬರ್ 1ಕ್ಕೆ ಗಡಿ ಹಾಕಿದ್ದು ಅಂಬಿಗನಲ್ಲ. ಚಂದ್ರಗಿರಿಯ ಬಡಗು ಭಾಗ ಮೈಸೂರು ರಾಜ್ಯಕ್ಕೆ ಸೇರಬೇಕು ಅಂತ 1967ರಲ್ಲಿ ಮಹಾಜನ ಆಯೋಗ ಹೇಳಿತು. ಆ ವರದಿ ಮೂಲೆಗೆ ಬಿದ್ದದ್ದು ಮರಗೆಣಸು ನೆಟ್ಟವರಿಂದಲೂ ಅಲ್ಲ. ಆ ಸಿಟ್ಟನ್ನು ಹಲಗೆಯ ಮೇಲೆ ತೀರಿಸುವುದು ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದ ಹಾಗೆ.

ನಾನು ಪಾಡ್ದನ ಹಾಡುವವ. ಪಂಜುರ್ಲಿ ಘಟ್ಟ ಇಳಿದು ಬಂದ ದೈವ. ತೆಯ್ಯಂ ಕಟ್ಟುವ ಆರ್ಯಪೂಂಗನ್ನಿ ಹಡಗು ಏರಿ ಬಂದವಳು. ಬಂದವರಿಗೇ ಕೈಮುಗಿಯುವ ಊರು ನಮ್ಮದು.

ಮತ್ತೊಂದು ಮಾತು. ಆ ದೋಣಿಯ ಮುಂದಿನ ಹಲಗೆಯಲ್ಲಿ ಕಡವಿನ ಹೆಸರು ಕೊರೆದದ್ದು ಕನ್ನಡದಲ್ಲಿ. ಈಗಲೂ ಬೆರಳಿಟ್ಟರೆ ಅಕ್ಷರ ಸಿಗುತ್ತದೆ. ಕನ್ನಡದ ಅಭಿಮಾನದಲ್ಲಿ ಕನ್ನಡದ ಅಕ್ಷರವನ್ನೇ ಒಲೆಗೆ ಹಾಕುವುದಾ?

ನಾನು ಕೇಳುವುದು ಇಷ್ಟೇ. ವಾಚನಾಲಯದ ಬದಿಯಲ್ಲಿ ಒಂದು ಮಾಡು, ನಾಲ್ಕು ಕಲ್ಲಿನ ಮೇಲೆ ದೋಣಿ, ವರ್ಷಕ್ಕೊಮ್ಮೆ ಗೇರುಬೀಜದ ಸಿಪ್ಪೆಯ ಎಣ್ಣೆ. ಮಾಸ್ಟ್ರೇ, ಟೀಚರೇ, ಮಕ್ಕಳನ್ನು ಕರೆದುಕೊಂಡು ಬನ್ನಿ. ಕನ್ನಡ ಕಲಿಯುವವರನ್ನೂ ಮಲಯಾಳ ಕಲಿಯುವವರನ್ನೂ ಒಟ್ಟಿಗೇ ತನ್ನಿ. ನನ್ನ ಕೊಟ್ಟಿಗೆಯ ಹಳೇ ಹಂಚು ಉಂಟು, ಕೊಡುತ್ತೇನೆ. ದೋಣಿ ಹೊರಲು ಎಂಟು ಜನ ಬನ್ನಿ. ಮಳೆಗಾಲಕ್ಕೆ ಮೊದಲು ಬನ್ನಿ.