ಹದಿಹರೆಯಕ್ಕೊಬ್ಬ ವೈದ್ಯ

ನಮ್ಮ ನಾಡಿನ ಅನೇಕ ಆಸ್ಪತ್ರೆಗಳಲ್ಲಿ ಮಕ್ಕಳ ವಾರ್ಡಿನ ಬಾಗಿಲು ಹನ್ನೆರಡನೆಯ ವಯಸ್ಸಿಗೋ ಹದಿನಾಲ್ಕನೆಯ ವಯಸ್ಸಿಗೋ ಮುಚ್ಚಿಕೊಳ್ಳುತ್ತದೆ. ಆ ಎಲ್ಲೆಯನ್ನು ದಾಟಿದ ಹುಡುಗನೊಬ್ಬನು ಡೆಂಗಿ ಜ್ವರದಿಂದ ಒಳರೋಗಿಯಾಗಿ ಸೇರಿದನೆಂದರೆ, ಅವನ ಒಂದು ಮಗ್ಗುಲಲ್ಲಿ ಮದ್ಯಪಾನದಿಂದ ಯಕೃತ್ತು ಕೆಟ್ಟ ನಡುವಯಸ್ಕನೂ ಇನ್ನೊಂದು ಮಗ್ಗುಲಲ್ಲಿ ಪಾರ್ಶ್ವವಾಯು ಬಡಿದ ವೃದ್ಧನೂ ಮಲಗಿರುತ್ತಾರೆ. ಅವನ ಓರಗೆಯ ಹುಡುಗಿಗೆ ಮುಟ್ಟಿನ ತೊಂದರೆಯಾಯಿತೆಂದರೆ ಅವಳು ಬಸುರಿಯರ ಸರದಿಯಲ್ಲಿ ಚೀಟಿ ಹಿಡಿದು ನಿಲ್ಲಬೇಕಾಗುತ್ತದೆ, ಮತ್ತು ಆ ಸರದಿಯಲ್ಲಿ ಊರಿನವರ ಕಣ್ಣಿಗೆ ಬಿದ್ದೇನೆಂಬ ಭಯವು ಹೊಟ್ಟೆನೋವಿಗಿಂತ ದೊಡ್ಡದಾಗಿ ಅವಳನ್ನು ಮನೆಯಲ್ಲಿಯೇ ಉಳಿಸಿಬಿಡುತ್ತದೆ. ವಿಶ್ವ ಆರೋಗ್ಯ ಸಂಸ್ಥೆಯು ಹತ್ತರಿಂದ ಹತ್ತೊಂಬತ್ತು ವರ್ಷದವರೆಗಿನ ಅವಧಿಯನ್ನು ಹದಿಹರೆಯವೆಂದು ಗಣಿಸುತ್ತದೆ. 2011ರ ಜನಗಣತಿಯಂತೆ ನಮ್ಮ ದೇಶದಲ್ಲಿ ಈ ವಯಸ್ಸಿನವರು 25 ಕೋಟಿಗೂ ಮಿಗಿಲಾಗಿದ್ದರು. ಇಷ್ಟು ದೊಡ್ಡ ಸಮುದಾಯಕ್ಕೆ ತನ್ನವನೆಂದು ಹೇಳಿಕೊಳ್ಳಬಲ್ಲ ವೈದ್ಯನಿಲ್ಲದಿರುವುದನ್ನು ನಾವು ಕೊರತೆಯೆಂದು ಕೂಡ ಎಣಿಸಿಲ್ಲ. ಹದಿಹರೆಯದವರ ಚಿಕಿತ್ಸೆಯನ್ನೇ ಜೀವನವೃತ್ತಿಯಾಗಿ ಕೈಕೊಂಡ ವೈದ್ಯರು ಜಗತ್ತಿನಲ್ಲಿ ಉಂಟು. ಅವರ ಮುಖ್ಯ ಸಾಧನವು ಏಕಾಂತದ ಸಂಭಾಷಣೆ. ಸಂಭಾಷಣೆಗೆ ಬೆಲೆ ಕಟ್ಟುವ ಅಭ್ಯಾಸ ಆಸ್ಪತ್ರೆಗಳ ವ್ಯಾಪಾರಕ್ಕೆ ಇಲ್ಲವಾದಕಾರಣ, ಈ ವೃತ್ತಿಯನ್ನು ಸರ್ಕಾರವೇ ಮುಂದೆ ನಿಂತು ಕಟ್ಟಬೇಕೆಂಬುದು ನನ್ನ ವಾದ.

ಈ ಶಾಖೆಯ ಮೂಲಪುರುಷರೆಂದು ಗೌರವಿಸಲ್ಪಡುವ ಜೆ. ರಾಸ್ವೆಲ್ ಗ್ಯಾಲಗರ್ ಅಮೆರಿಕದವರು, 1903ರಲ್ಲಿ ಹುಟ್ಟಿದವರು. 1930ರ ದಶಕದ ನಡುವಿನಿಂದ ಸುಮಾರು ಹದಿನೈದು ವರ್ಷಗಳ ಕಾಲ ಅವರು ಮ್ಯಾಸಚೂಸೆಟ್ಸ್ ಸಂಸ್ಥಾನದ ಆಂಡೋವರ್ ಎಂಬಲ್ಲಿಯ ಫಿಲಿಪ್ಸ್ ಅಕಾಡೆಮಿಯಲ್ಲಿ ಶಾಲಾವೈದ್ಯರಾಗಿದ್ದರು. ಆಸ್ಪತ್ರೆಯಲ್ಲಿ ಕುಳಿತ ವೈದ್ಯನು ಕಾಣುವುದು ರೋಗಿಗಳನ್ನು ಮಾತ್ರ. ವಸತಿಶಾಲೆಯ ವೈದ್ಯನಿಗೋ, ಆಟದ ಬಯಲಿನಲ್ಲಿ ಓಡುವ, ಪಾಠದಲ್ಲಿ ಹಿಂದೆ ಬಿದ್ದು ಮುಖ ತಗ್ಗಿಸುವ, ಪರೀಕ್ಷೆಯ ಹಿಂದಿನ ರಾತ್ರಿ ನಿದ್ರೆಗೆಡುವ ನೂರಾರು ಆರೋಗ್ಯವಂತ ಹುಡುಗರು ವರ್ಷಗಟ್ಟಲೆ ನೋಡಸಿಗುತ್ತಾರೆ, ಮತ್ತು ಬೆಳೆಯುವ ದೇಹದಲ್ಲಿ ಸಹಜವೆಂಬುದರ ವ್ಯಾಪ್ತಿ ಎಷ್ಟು ವಿಶಾಲವಾದದ್ದೆಂಬುದು ಅವನಿಗೆ ಕಣ್ಣಾರೆ ತಿಳಿಯುತ್ತದೆ. ಗ್ಯಾಲಗರ್ ಅಂಥ ಹುಡುಗರ ಹೃದಯದ ಬಡಿತವನ್ನೂ ರಕ್ತದ ಒತ್ತಡವನ್ನೂ ದೇಹದಾರ್ಢ್ಯವನ್ನೂ ಓದಿನ ತೊಡಕುಗಳನ್ನೂ ತಾಳ್ಮೆಯಿಂದ ಅಭ್ಯಸಿಸಿದರು. ಈ ಅಭ್ಯಾಸದ ಬೆಲೆ ಸಾಮಾನ್ಯವಾದದ್ದಲ್ಲ. ಏತಕ್ಕೆಂದರೆ, ಬೆಳವಣಿಗೆಯ ಸಹಜ ವ್ಯತ್ಯಾಸವೊಂದನ್ನು ಹೃದಯರೋಗವೆಂದು ಭ್ರಮಿಸಿ ಹುಡುಗನನ್ನು ಆಟದಿಂದ ಬಿಡಿಸಿ ಮನೆಯ ಮೂಲೆಯಲ್ಲಿ ಕೂರಿಸಿದಲ್ಲಿ, ಇಲ್ಲದ ರೋಗವೊಂದು ಅವನ ಮನಸ್ಸಿನಲ್ಲಿ ನಿಜವಾಗಿಯೇ ಹುಟ್ಟಿಕೊಳ್ಳುತ್ತದೆ.

ಬಾಸ್ಟನ್ನಿನ ಮಕ್ಕಳ ಆಸ್ಪತ್ರೆಯ ಮುಖ್ಯ ವೈದ್ಯರಾಗಿದ್ದ ಚಾರ್ಲ್ಸ್ ಜೇನ್‌ವೇ ಅವರು ಗ್ಯಾಲಗರರನ್ನು ಕರೆಸಿಕೊಂಡು, 1951ರಲ್ಲಿ ಹದಿಹರೆಯದವರಿಗಾಗಿಯೇ ಒಂದು ಪ್ರತ್ಯೇಕ ವಿಭಾಗವನ್ನು ತೆರೆಯಲು ಅವಕಾಶ ಮಾಡಿಕೊಟ್ಟರು. ಅಮೆರಿಕದಲ್ಲಿ ಈ ಬಗೆಯ ವಿಭಾಗಗಳಿಗೆ ಅದೇ ಮೊದಲು. ಅಲ್ಲಿಗೆ ಬಂದ ಹುಡುಗನನ್ನು ಅಂಗಕ್ಕೊಬ್ಬ ತಜ್ಞನ ಬಳಿಗೆ ಅಟ್ಟದೆ, ಒಬ್ಬನೇ ವೈದ್ಯನು ಇಡಿಯ ವ್ಯಕ್ತಿಯಾಗಿ ನೋಡಿಕೊಳ್ಳಬೇಕು, ಮತ್ತು ಆ ವೈದ್ಯನು ತಂದೆತಾಯಿಗಳ ಪ್ರತಿನಿಧಿಯಲ್ಲ, ತನ್ನವನು, ಎಂಬ ನಂಬಿಕೆ ಹುಡುಗನಲ್ಲಿ ಬೇರೂರಬೇಕು ಎಂಬುದು ಆ ವಿಭಾಗದ ಕ್ರಮವಾಗಿತ್ತು. ರೋಗ ಯಾವುದೆಂದು ಕೇಳುವುದಕ್ಕೆ ಮೊದಲು ರೋಗಿ ಯಾರೆಂದು ಕೇಳಬೇಕೆಂಬ ಗ್ಯಾಲಗರರ ನಿಲುವನ್ನು ಅಲ್ಲಿ ತರಬೇತಿ ಪಡೆದವರು ಬೇರೆಬೇರೆ ಊರುಗಳಿಗೆ ಹೊತ್ತೊಯ್ದರು. 1968ರಲ್ಲಿ ಈ ವೈದ್ಯರದ್ದೇ ಒಂದು ಸಂಘವು ಸ್ಥಾಪಿತವಾಯಿತು; ಆದರೂ ಅಮೆರಿಕದ ಶಿಶುವೈದ್ಯ ಮಂಡಳಿಯು ಈ ಉಪಶಾಖೆಗೆ ಮೊದಲ ಅರ್ಹತಾ ಪರೀಕ್ಷೆಯನ್ನು ನಡೆಸಿದ್ದು 1994ರಲ್ಲಿ. ಮೊದಲ ವಿಭಾಗದಿಂದ ಮೊದಲ ಪರೀಕ್ಷೆಗೆ ನಲವತ್ತಮೂರು ವರ್ಷ! ಅಷ್ಟು ಸಂಪನ್ನವಾದ ದೇಶದಲ್ಲಿಯೂ ಇಷ್ಟು ವಿಳಂಬವಾಯಿತೆಂಬುದನ್ನು ನಾವು ಸಮಾಧಾನಕ್ಕಾಗಿ ನೆನೆಯಬಾರದು. ಅವರು ಕಲಿತದ್ದನ್ನು ನಾವು ಮತ್ತೆ ಮೊದಲಿಂದ ಕಲಿಯಬೇಕಾದ ಅಗತ್ಯವಿಲ್ಲವೆಂಬುದಕ್ಕಾಗಿ ನೆನೆಯಬೇಕು.

ಈ ವೈದ್ಯನ ದಿನಚರಿಯ ಸಾರವು ಎಲ್ಲಿದೆಯೆಂದು ಕೇಳಿದರೆ, ತಾಯಿಯನ್ನು ಸ್ವಲ್ಪ ಹೊತ್ತು ಹೊರಗೆ ಕುಳ್ಳಿರಿಸುವುದರಲ್ಲಿದೆ ಎನ್ನುತ್ತೇನೆ. ನಮ್ಮ ಯಾವ ಆಸ್ಪತ್ರೆಯ ಹೊರರೋಗಿ ವಿಭಾಗದಲ್ಲಿ ಬೇಕಾದರೂ ನಿಂತು ನೋಡಿ: ವೈದ್ಯರು ಹುಡುಗನ ಮುಖ ನೋಡಿ ‘ಏನಪ್ಪಾ ತೊಂದರೆ?’ ಎನ್ನುತ್ತಾರೆ, ‘ಸರಿಯಾಗಿ ಊಟಾನೇ ಮಾಡಲ್ಲ ಡಾಕ್ಟ್ರೇ, ಯಾವಾಗ್ಲೂ ತಲೆನೋವು ಅಂತಾನೆ, ರಾತ್ರಿಯೆಲ್ಲ ಮೊಬೈಲು’ ಎಂದು ತಾಯಿ ಉತ್ತರಿಸುತ್ತಾಳೆ, ಮೂರು ನಿಮಿಷದಲ್ಲಿ ತಲೆನೋವಿನ ಗುಳಿಗೆಯ ಚೀಟಿ ಸಿದ್ಧವಾಗುತ್ತದೆ, ಹುಡುಗನ ಬಾಯಿಂದ ಒಂದು ಮಾತೂ ಹೊರಟಿರುವುದಿಲ್ಲ. ತಾಯಿಯ ಮಾತಿನಲ್ಲಿ ಸುಳ್ಳಿಲ್ಲ, ವೈದ್ಯರ ಔಷಧದಲ್ಲಿಯೂ ತಪ್ಪಿಲ್ಲ. ಆದರೆ ಆ ತಲೆನೋವಿನ ಹಿಂದೆ ತರಗತಿಯಲ್ಲಿ ದಿನವೂ ಅನುಭವಿಸುವ ಅವಮಾನವಿದೆಯೋ, ಪಿ.ಯು.ಸಿ.ಯಲ್ಲಿ ಒಲ್ಲದ ವಿಜ್ಞಾನ ವಿಭಾಗಕ್ಕೆ ಸೇರಿಸಿದ ದುಃಖವಿದೆಯೋ, ಮನೆಯಲ್ಲಿ ಕುಡಿದು ಬರುವ ತಂದೆಯಿದ್ದಾನೆಯೋ, ಸ್ವತಃ ಹುಡುಗನೇ ಬೀಡಿಗೋ ಗಾಂಜಾಕ್ಕೋ ಕೈಹಾಕಿದ್ದಾನೆಯೋ ತಿಳಿಯುವ ಮಾರ್ಗವು ಆ ಮೂರು ನಿಮಿಷದಲ್ಲಿ ಇಲ್ಲ.

ಆ ಮಾರ್ಗವನ್ನು ಒಂದು ಶಾಸ್ತ್ರವನ್ನಾಗಿ ಮಾಡಿದವರೂ ಇದ್ದಾರೆ. 1972ರಲ್ಲಿ ಸಿಯಾಟಲ್ ನಗರದ ಹಾರ್ವಿ ಬರ್ಮನ್ ಎಂಬ ವೈದ್ಯರು ರೂಪಿಸಿ, ಅನಂತರ ಲಾಸ್ ಏಂಜಲಿಸ್‌ನಲ್ಲಿ ಎರಿಕ್ ಕೋಹೆನ್ ಅವರು ಪರಿಷ್ಕರಿಸಿ, 1988ರಲ್ಲಿ ಗೋಲ್ಡನ್‌ರಿಂಗ್ ಎಂಬವರೊಡಗೂಡಿ ಪ್ರಕಟಿಸಿದ ಪ್ರಶ್ನಕ್ರಮವೊಂದು ‘ಹೆಡ್ಸ್’ ಎಂಬ ಹೆಸರಿನಿಂದ ಇಂದು ಜಗತ್ತಿನಾದ್ಯಂತ ಬಳಕೆಯಲ್ಲಿದೆ. ಅದರಲ್ಲಿ ಮೊದಲು ಮನೆ, ಬಳಿಕ ಓದು, ಬಳಿಕ ಆಟಪಾಠ ಗೆಳೆಯರು. ಇವು ಯಾರ ಮುಂದೆಯೂ ಹೇಳಬಹುದಾದ ಮಾತುಗಳು. ಅವುಗಳನ್ನು ಹೇಳುತ್ತ ಹೇಳುತ್ತ ಹುಡುಗನ ಬಿಗುಪು ಸಡಿಲಿದ ಮೇಲೆ ಮಾದಕ ವಸ್ತುಗಳು, ಆಮೇಲೆ ಕಾಮಸಂಬಂಧವಾದ ಸಂಗತಿಗಳು, ಕಟ್ಟಕಡೆಗೆ ಬದುಕು ಬೇಡವೆನಿಸಿದ್ದುಂಟೆ ಎಂಬ ಪ್ರಶ್ನೆ. ಜಗತ್ತಿನಲ್ಲಿ ಹದಿನೈದರಿಂದ ಇಪ್ಪತ್ತೊಂಬತ್ತರ ವಯಸ್ಸಿನವರ ಮರಣಕಾರಣಗಳ ಪೈಕಿ ಆತ್ಮಹತ್ಯೆಯು ಮೂರನೆಯ ಸ್ಥಾನದಲ್ಲಿದೆಯೆಂದು ವಿಶ್ವ ಆರೋಗ್ಯ ಸಂಸ್ಥೆಯು ಹೇಳುತ್ತಿರುವಾಗ, ಈ ಕಡೆಯ ಪ್ರಶ್ನೆಯನ್ನು ಕೇಳದೆ ಬಿಡುವುದು ಉಪೇಕ್ಷೆಯೇ ಸರಿ. ಕೇಳಿದರೆ ಇಲ್ಲದ ಯೋಚನೆಯನ್ನು ತಲೆಯಲ್ಲಿ ತುಂಬಿದಂತಾದೀತೆಂದು ಹಿರಿಯರು ಅಂಜುತ್ತಾರೆ. ಆ ಅಂಜಿಕೆಗೆ ಆಧಾರವಿಲ್ಲವೆಂಬುದು ಅಧ್ಯಯನಗಳಿಂದ ಸ್ಥಿರಪಟ್ಟಿರುವ ವಿಷಯ. ಯಾರಾದರೂ ಕೇಳಲೆಂದು ಕಾದಿದ್ದ ಮಗುವಿಗೆ ಆ ಪ್ರಶ್ನೆಯೇ ಬಿಡುಗಡೆಯಾಗುವುದುಂಟು.

ಸಂಭಾಷಣೆಯೆಂದೊಡನೆ ಇದು ಮನೋವೈದ್ಯರ ಕೆಲಸವಲ್ಲವೇ ಎಂದು ಓದುಗರು ಕೇಳಬಹುದು. ಅಲ್ಲ, ದೇಹವೂ ಮನಸ್ಸೂ ಇಲ್ಲಿ ಒಂದನ್ನೊಂದು ಬಿಟ್ಟಿರುವುದಿಲ್ಲ. ಇಂಗ್ಲೆಂಡಿನ ಹಾರ್ಪೆಂಡನ್ ಎಂಬಲ್ಲಿಯ ಮಕ್ಕಳಾಶ್ರಮವೊಂದರಲ್ಲಿ 1940ರ ದಶಕದ ಕೊನೆಯಿಂದ ಜೇಮ್ಸ್ ಟ್ಯಾನರ್ ಅವರು ವರ್ಷಾನುವರ್ಷ ಮಕ್ಕಳನ್ನು ಅಳೆದು ಅಳೆದು ಸಿದ್ಧಪಡಿಸಿದ ಪ್ರಾಯದ ಹಂತಗಳ ವಿಂಗಡಣೆಯು ಈ ವೈದ್ಯನ ನಿತ್ಯದ ಮಾನದಂಡ. ಹುಡುಗಿಯರ ದೇಹವು ಹುಡುಗರಿಗಿಂತ ಸುಮಾರು ಎರಡು ವರ್ಷ ಮೊದಲೇ ಭರದಿಂದ ಬೆಳೆಯುತ್ತದೆ. ಹುಡುಗರಲ್ಲಿಯೂ ಒಬ್ಬನಿಗೆ ಹನ್ನೆರಡಕ್ಕೆ ಚಿಗುರಿದ ಮೀಸೆ ಇನ್ನೊಬ್ಬನಿಗೆ ಹದಿನಾರಕ್ಕೂ ಕಾಣದಿರಬಹುದು. ಹೀಗೆ ಹಿಂದುಳಿದವನ ಎಡಗೈಯ ಮಣಿಕಟ್ಟಿನ ಎಕ್ಸ್‌ರೇ ತೆಗೆಸಿ, ಎಲುಬಿನ ವಯಸ್ಸು ಇನ್ನೂ ಕಿರಿದೆಂಬುದನ್ನು ಅವನಿಗೇ ತೋರಿಸಿ, ನಿನ್ನ ಬೆಳವಣಿಗೆ ಇನ್ನೂ ಮುಂದಿದೆಯೆಂದು ಹೇಳುವುದು ಔಷಧವಿಲ್ಲದ ಚಿಕಿತ್ಸೆ. ನಿಜವಾದ ಗ್ರಂಥಿದೋಷದಿಂದ ಹಿಂದುಳಿದವನನ್ನು ಇವನಿಂದ ಬೇರ್ಪಡಿಸಿ ಗುರುತಿಸುವುದು ಪಾಂಡಿತ್ಯದ ಕೆಲಸ.

ಇನ್ನು, ಚಿಕ್ಕಂದಿನಿಂದ ಇನ್ಸುಲಿನ್ ಚುಚ್ಚಿಕೊಳ್ಳುತ್ತಿರುವ ಮಧುಮೇಹದ ಮಗುವನ್ನು ನೆನೆಯಿರಿ. ಪ್ರಾಯಕ್ಕೆ ಬರುವಾಗಿನ ರಸದೂತಗಳ (ಹಾರ್ಮೋನುಗಳ) ಪ್ರಭಾವದಿಂದ ದೇಹವು ಇನ್ಸುಲಿನ್ನಿಗೆ ಮೊದಲಿನಂತೆ ಮಣಿಯದಾಗಿ, ಅದರ ಪ್ರಮಾಣವನ್ನು ಏರಿಸಬೇಕಾಗುತ್ತದೆ. ಸರಿಯಾಗಿ ಅದೇ ಕಾಲಕ್ಕೆ ಆ ಮಗುವು ಗೆಳತಿಯರ ಎದುರಿಗೆ ಸೂಜಿ ತೆಗೆಯಲಾರೆನೆಂದು ಹಟ ಹಿಡಿಯುತ್ತದೆ, ಹಾಸ್ಟೆಲಿಗೆ ಹೋದಮೇಲೆ ಹೊತ್ತು ತಪ್ಪಿಸುತ್ತದೆ, ತಾಯಿಗೆ ಹಾಕಿಕೊಂಡೆನೆಂದು ಸುಳ್ಳು ಹೇಳುತ್ತದೆ. ಪ್ರಮಾಣವನ್ನು ಲೆಕ್ಕ ಹಾಕಬಲ್ಲ ವೈದ್ಯರು ನಮ್ಮಲ್ಲಿ ಬೇಕಾದಷ್ಟು ಮಂದಿ. ಆ ಸುಳ್ಳಿನ ಹಿಂದಿನ ಲಜ್ಜೆಯನ್ನು ಬಯ್ಯದೆ ಬಿಡಿಸಬಲ್ಲವರು ವಿರಳ. ಅಪಸ್ಮಾರ, ಥಲಸೀಮಿಯಾ, ಹುಟ್ಟಿನಿಂದ ಬಂದ ಹೃದಯದ ತೊಂದರೆಗಳು, ಇವೆಲ್ಲವುಗಳಲ್ಲಿಯೂ ಇದೇ ಕಥೆ. ಮಕ್ಕಳ ವೈದ್ಯರು ಬಿಟ್ಟುಕೊಟ್ಟು ದೊಡ್ಡವರ ವೈದ್ಯರು ಕೈಗೆತ್ತಿಕೊಳ್ಳುವ ಆ ನಡುವಣ ಒಂದೆರಡು ವರ್ಷಗಳಲ್ಲಿ ಎಷ್ಟೋ ಮಕ್ಕಳು ಎರಡು ಕಡೆಯ ಪಟ್ಟಿಗಳಿಂದಲೂ ಜಾರಿಹೋಗುತ್ತಾರೆ.

ಏಕಾಂತವು ನಂಬಿಕೆಯನ್ನು ಬೇಡುತ್ತದೆ. ನಂಬಿಕೆಗೆ ಮೇರೆಯೂ ಬೇಕು. ಒಳ್ಳೆಯ ವೈದ್ಯನು ಆ ಮೇರೆಯನ್ನು ಮೊದಲ ಭೇಟಿಯಲ್ಲಿಯೇ ತಾಯಿಯ ಎದುರಿನಲ್ಲಿ ಸ್ಪಷ್ಟವಾಗಿ ಹೇಳುತ್ತಾನೆ: ನೀನು ಹೇಳಿದ್ದು ನನ್ನಲ್ಲಿಯೇ ಇರುತ್ತದೆ, ಆದರೆ ನಿನ್ನ ಪ್ರಾಣಕ್ಕೋ ಮತ್ತೊಬ್ಬರ ಪ್ರಾಣಕ್ಕೋ ಅಪಾಯವಿದೆಯೆಂದು ಕಂಡರೆ, ನಿನ್ನನ್ನು ಯಾರಾದರೂ ಹಿಂಸಿಸುತ್ತಿದ್ದಾರೆಂದು ತಿಳಿದರೆ, ಸುಮ್ಮನಿರಲಾರೆ. ನಮ್ಮ ದೇಶದಲ್ಲಿ ಈ ಮೇರೆಯನ್ನು ಕಾನೂನು ಇನ್ನಷ್ಟು ಕಿರಿದುಗೊಳಿಸಿದೆ. 2012ರ ಪೋಕ್ಸೊ ಕಾಯಿದೆಯು ಹದಿನೆಂಟರೊಳಗಿನ ಎಲ್ಲರನ್ನೂ ಮಕ್ಕಳೆಂದೇ ಪರಿಗಣಿಸಿ, ಅಪರಾಧದ ಸಂಗತಿ ತಿಳಿದವರು ಪೊಲೀಸರಿಗೆ ವರದಿ ಮಾಡಲೇಬೇಕೆಂದು ವಿಧಿಸುತ್ತದೆ. ಮಕ್ಕಳನ್ನು ದೌರ್ಜನ್ಯದಿಂದ ಕಾಪಾಡಲು ಇಂಥ ಕಠಿಣವಾದ ವಿಧಿ ಬೇಕೆಂಬುದರಲ್ಲಿ ನನಗೆ ಸಂಶಯವಿಲ್ಲ. ಆದರೆ ಪೊಲೀಸು ಠಾಣೆಯ ಹೆದರಿಕೆಯಿಂದ ಗರ್ಭಿಣಿಯಾದ ಬಾಲೆಯೊಬ್ಬಳು ಆಸ್ಪತ್ರೆಯ ಮೆಟ್ಟಿಲನ್ನೇ ಹತ್ತದೆ ನಕಲಿ ವೈದ್ಯನ ಕೈಗೆ ಬೀಳುವುದಾದರೆ ಕಾನೂನಿನ ಉದ್ದೇಶವೇ ವಿಫಲವಾಗುತ್ತದೆ. 2022ರ ಸೆಪ್ಟೆಂಬರ್ 29ರಂದು ಸರ್ವೋಚ್ಚ ನ್ಯಾಯಾಲಯವು ನೀಡಿದ ತೀರ್ಪಿನಲ್ಲಿ, ಗರ್ಭಪಾತಕ್ಕೆ ಬಂದ ಅಪ್ರಾಪ್ತೆಯೂ ಅವಳ ಪೋಷಕರೂ ಕೋರಿದಲ್ಲಿ, ವೈದ್ಯರು ವರದಿಯಲ್ಲಿ ಅವಳ ಹೆಸರನ್ನೂ ಗುರುತನ್ನೂ ಹೇಳಬೇಕಾಗಿಲ್ಲವೆಂದು ತಿಳಿಸಿದ್ದು ಈ ಸಂಕಟವನ್ನು ಅರಿತುಕೊಂಡೇ. ಇಂಥ ಸೂಕ್ಷ್ಮಗಳನ್ನು ತಿಳಿದು ನಡೆಯಲು ತರಬೇತಾದ ವೈದ್ಯನೇ ಬೇಕು. ಕಾನೂನನ್ನು ಅರೆಬರೆ ತಿಳಿದವನು ತನ್ನ ರಕ್ಷಣೆಯನ್ನು ಮಾತ್ರ ನೋಡಿಕೊಂಡು ಹುಡುಗಿಯನ್ನು ಬೇರೆ ಕಡೆಗೆ ಕಳುಹಿಸಿಬಿಡುತ್ತಾನೆ.

ನಮ್ಮಲ್ಲಿ ಏನೂ ನಡೆದಿಲ್ಲವೆಂದು ಹೇಳಿದರೆ ಅನ್ಯಾಯವಾದೀತು. ಭಾರತೀಯ ಶಿಶುವೈದ್ಯರ ಸಂಘವು 2000ದ ಹೊತ್ತಿಗೇ ಹದಿಹರೆಯದವರಿಗಾಗಿ ತನ್ನದೊಂದು ಅಂಗವನ್ನು ಕಟ್ಟಿತು. ಕೇಂದ್ರ ಸರ್ಕಾರವು 2014ರ ಜನವರಿಯಲ್ಲಿ ರಾಷ್ಟ್ರೀಯ ಕಿಶೋರ ಸ್ವಾಸ್ಥ್ಯ ಕಾರ್ಯಕ್ರಮವನ್ನು ಆರಂಭಿಸಿತು. ಅದರ ಅಂಗವಾಗಿ ಕರ್ನಾಟಕದ ಆಸ್ಪತ್ರೆಗಳಲ್ಲಿ ‘ಸ್ನೇಹಾ ಕ್ಲಿನಿಕ್’ ಎಂಬ ಫಲಕಗಳು ಬಂದವು. ಶಾಲೆಗಳಲ್ಲಿ ವಾರಕ್ಕೊಂದು ನೀಲಿ ಬಣ್ಣದ ಕಬ್ಬಿಣಾಂಶದ ಗುಳಿಗೆಯನ್ನು ಕೊಡುವ ಯೋಜನೆಯೂ ಇದೆ. ಇದ್ದರೂ 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ ಹದಿನೈದರಿಂದ ಹತ್ತೊಂಬತ್ತರ ಹುಡುಗಿಯರಲ್ಲಿ ನೂರಕ್ಕೆ 59 ಮಂದಿಯೂ, ಅದೇ ವಯಸ್ಸಿನ ಹುಡುಗರಲ್ಲಿ ನೂರಕ್ಕೆ 31 ಮಂದಿಯೂ ರಕ್ತಹೀನರೆಂದು ಕಂಡುಬಂದಿತು. 2019ರಿಂದ ಜಾರಿಗೆ ಬಂದ ಎಂ.ಬಿ.ಬಿ.ಎಸ್. ಪಠ್ಯಕ್ರಮದಲ್ಲಿ ಹದಿಹರೆಯದವರ ಆರೋಗ್ಯವು ಶಿಶುವೈದ್ಯದ ಒಂದು ಭಾಗವಾಗಿ ಸೇರಿದೆ. ಇವೆಲ್ಲವೂ ಸ್ವಾಗತಾರ್ಹವೇ. ಆದರೆ ಪಠ್ಯದಲ್ಲಿ ಓದಿದ್ದನ್ನೇ ಬಾಳಿನ ಕಸುಬನ್ನಾಗಿ ಮಾಡಿಕೊಳ್ಳಬೇಕೆಂದು ತರುಣ ವೈದ್ಯೆಯೊಬ್ಬಳು ಮನಸ್ಸು ಮಾಡಿದಳೆಂದರೆ, ಅವಳು ಯಾವ ಹುದ್ದೆಗೆ ಅರ್ಜಿ ಹಾಕತಕ್ಕದ್ದು? ಫಲಕದ ಹಿಂದಿನ ಕೊಠಡಿಯಲ್ಲಿ ಇರುವುದು ಬಹುಮಟ್ಟಿಗೆ ಗುತ್ತಿಗೆಯ ಮೇಲೆ ದುಡಿಯುವ ಆಪ್ತಸಮಾಲೋಚಕರು. ಅವರ ಶ್ರದ್ಧೆಯನ್ನು ನಾನು ಗೌರವಿಸುತ್ತೇನೆ, ಅವರ ಬೆನ್ನಿಗೆ ಪೂರ್ಣಾವಧಿಯ ವೈದ್ಯರೊಬ್ಬರು ಇಲ್ಲದಿರುವುದನ್ನು ಕಂಡು ನೋಯುತ್ತೇನೆ.

ಖಾಸಗಿ ಆಸ್ಪತ್ರೆಯು ಈ ಹೊರೆಯನ್ನು ಹೊತ್ತೀತೆಂದು ನಿರೀಕ್ಷಿಸುವುದು ವ್ಯರ್ಥ. ಶಸ್ತ್ರಕ್ರಿಯೆಗೆ ದರವುಂಟು, ಸ್ಕ್ಯಾನಿಗೆ ದರವುಂಟು. ಒಬ್ಬ ಹುಡುಗಿಯೊಡನೆ ನಲವತ್ತು ನಿಮಿಷ ಮಾತನಾಡಿದ್ದಕ್ಕೆ ಒಂದು ಸಲದ ಭೇಟಿಯ ಶುಲ್ಕವಷ್ಟೆ, ಮತ್ತು ಆ ನಲವತ್ತು ನಿಮಿಷದಲ್ಲಿ ಹತ್ತು ಮಂದಿ ರೋಗಿಗಳನ್ನು ನೋಡಿ ಮುಗಿಸಬಹುದಿತ್ತೆಂಬ ಲೆಕ್ಕವನ್ನು ಆಡಳಿತದವರು ಮರೆಯುವುದಿಲ್ಲ. ಮೂರು ವರ್ಷ ಶಿಶುವೈದ್ಯದ ತರಬೇತಿ ಪಡೆದು, ಅದರ ಮೇಲೆ ಇನ್ನೂ ಮೂರು ವರ್ಷ ಈ ಉಪಶಾಖೆಯನ್ನು ಅಭ್ಯಸಿಸಬೇಕಾದ ಅಮೆರಿಕದಲ್ಲಿಯೂ ಇದು ಕಡಿಮೆ ಸಂಬಳದ ಉಪಶಾಖೆಗಳಲ್ಲೊಂದಾಗಿದ್ದು, ತರಬೇತಿಯ ಸ್ಥಾನಗಳು ತುಂಬದೆ ಉಳಿಯುತ್ತವೆ. ಆದಕಾರಣ ನಮ್ಮ ರಾಜ್ಯದ ಪ್ರತಿಯೊಂದು ಸರ್ಕಾರಿ ವೈದ್ಯಕೀಯ ಕಾಲೇಜಿನಲ್ಲಿ ಶಿಶುವೈದ್ಯ ವಿಭಾಗದೊಳಗೆ ಹದಿಹರೆಯದವರ ವೈದ್ಯರೆಂದೇ ಒಂದು ಕಾಯಂ ಹುದ್ದೆಯೂ, ಎಂ.ಡಿ. ಮುಗಿಸಿದವರಿಗೆ ಅವರ ಕೈಕೆಳಗೆ ತರಬೇತಿಯ ಒಂದೆರಡು ಸ್ಥಾನಗಳೂ ಸೃಷ್ಟಿಯಾಗಬೇಕು. ಮಕ್ಕಳ ವಾರ್ಡಿನ ವಯೋಮಿತಿಯನ್ನು ಹದಿನೆಂಟಕ್ಕೆ ಏರಿಸಿ, ದೊಡ್ಡ ಹುಡುಗರಿಗೂ ಹುಡುಗಿಯರಿಗೂ ಪರದೆಯ ಮರೆಯುಳ್ಳ ಪ್ರತ್ಯೇಕ ಹಾಸಿಗೆಗಳನ್ನು ಒದಗಿಸಬೇಕು. ಗುತ್ತಿಗೆಯ ಸಮಾಲೋಚಕರನ್ನು ಕಾಯಂಗೊಳಿಸಬೇಕು. ಇವಕ್ಕೆ ಹಣ ಬೇಕು, ಆಯವ್ಯಯದಲ್ಲಿ ಸ್ಥಾನ ಬೇಕು, ಕಾಲವೂ ಹಿಡಿದೀತು. ಹಣ ಬೇಡದ ಕೆಲಸವೂ ಒಂದಿದೆ. ಶಾಲೆ ಕಾಲೇಜುಗಳು ನಡೆಯುವ ವೇಳೆಯಲ್ಲಿಯೇ ಹೊರರೋಗಿ ವಿಭಾಗವೂ ನಡೆಯುವುದರಿಂದ, ವೈದ್ಯರನ್ನು ಕಾಣಬೇಕಾದ ವಿದ್ಯಾರ್ಥಿನಿಯು ರಜೆಗಾಗಿ ಮೇಷ್ಟರ ಮುಂದೆ ಕಾರಣ ಹೇಳಬೇಕಾಗುತ್ತದೆ. ಆ ಕಾರಣವನ್ನು ಹೇಳಲಾರದೆಯೇ ಅವಳು ಬರುವುದಿಲ್ಲ. ಸ್ನೇಹಾ ಕ್ಲಿನಿಕ್ಕಿನ ಹೊತ್ತನ್ನು ವಾರದಲ್ಲಿ ಎರಡು ದಿನವಾದರೂ ಸಂಜೆ ನಾಲ್ಕರ ಮೇಲಕ್ಕೆ ಬದಲಿಸಲು ಆರೋಗ್ಯ ಇಲಾಖೆಯ ಒಂದು ಸುತ್ತೋಲೆ ಸಾಕು, ಮತ್ತು ಆ ಸುತ್ತೋಲೆಯು ಬರುವ ಜೂನ್ ತಿಂಗಳಲ್ಲಿ ಶಾಲೆಗಳು ತೆರೆಯುವುದರೊಳಗೆ ಹೊರಡಬಹುದು.